ತರಕ್ಕಿ, ಬಡ್ತಿ, ಅರ್ಹತೆ

ನಮ್ಮ ಯಲಬುರ್ಗೆಯ ಸೀಮೆಯ ಕಚೇರಿಗಳಲ್ಲಿ ಮೂರು ಮಾತುಗಳು ಒಂದರ ಬೆನ್ನಿಗೆ ಒಂದು ಬಂದಿವೆ. ನಿಜಾಮರ ಕಾಲದಲ್ಲಿ ನಡೆಯುತ್ತಿದ್ದ ಮಾತು ‘ತರಕ್ಕಿ’, ಅದು ಉರ್ದು. ಮುಂಬಯಿ ಕರ್ನಾಟಕದ ಕಡೆಯಿಂದ ಬಂದದ್ದು ‘ಬಡ್ತಿ’. ಅದರ ಮೂಲ ಮರಾಠಿಯ ‘ಬಢತಿ’. ಅದಕ್ಕೆ ನಮ್ಮ ‘ಮುನ್’ ಸೇರಿ ‘ಮುಂಬಡ್ತಿ’ಯಾಗಿ, ಅದೀಗ ಕನ್ನಡದ ಮನೆಯ ಮಗಳೇ ಆಗಿದೆ. ಇನ್ನು ‘ಪ್ರಮೋಷನ್’ ಎಂಬುದನ್ನಂತೂ ಹೇಳಬೇಕಾದುದಿಲ್ಲ. ಮೂರರ ಅರ್ಥವೂ ಒಂದೇ: ಇರುವ ಮೆಟ್ಟಿಲಿನಿಂದ ಮೇಲಿನ ಮೆಟ್ಟಿಲಿಗೆ ಏರುವುದು. ಆದರೆ ಈ ಮೂರಕ್ಕೂ ಮುಂದೆ, ಬಾಗಿಲ ಕಾವಲುಗಾರನಂತೆ ನಿಂತಿರುವ ಇನ್ನೊಂದು ಮಾತುಂಟು. ಅದು ‘ಅರ್ಹತೆ’.

ಅರ್ಹತೆಯೆಂದರೇನು? ಅದನ್ನು ಅಳೆಯುವ ಸೇರು ಯಾರ ಕೈಯಲ್ಲಿದೆ? ನಡುವೆ ಆ ಸೇರೇ ಬದಲಾದರೆ ಮೊದಲು ಅಳೆಸಿಕೊಂಡವನ ಗತಿಯೇನು? ಓದುಗರೆ, ಇವು ಬರಿಯ ಕಾಗದದ ಪ್ರಶ್ನೆಗಳಲ್ಲ. ಸರಕಾರದ ಕೆಲಸಕ್ಕೆ ಸೇರಿದ ಮನುಷ್ಯ ತನ್ನ ಆಯುಷ್ಯದ ಮೂವತ್ತು ವರ್ಷಗಳನ್ನು ಅಲ್ಲಿ ಕಳೆಯುತ್ತಾನೆ. ಅವನ ಸಂಬಳ, ಮಕ್ಕಳ ಓದು, ನಿವೃತ್ತಿಯ ಮೇಲಣ ಪಿಂಚಣಿ, ಊರಿನಲ್ಲಿ ಅವನಿಗೆ ದೊರೆಯುವ ಮರ್ಯಾದೆ, ಇವೆಲ್ಲ ಆ ಒಂದು ಮೆಟ್ಟಿಲಿನ ಮೇಲೆ ನಿಂತಿವೆ. ಅದಕ್ಕಾಗಿಯೇ ಈ ನಾಡಿನ ನೌಕರರು ನ್ಯಾಯಸ್ಥಾನದ ಬಾಗಿಲನ್ನು ಮತ್ತೆ ಮತ್ತೆ ತಟ್ಟಿದ್ದಾರೆ. ಆ ವ್ಯಾಜ್ಯಗಳ ಚರಿತ್ರೆಯಲ್ಲಿ ನಮ್ಮ ಸೀಮೆಗೆ ವಿಶೇಷವಾದ ಪಾಲಿದೆ.

ಶಾಸನಗಳ ಕಾಲದಲ್ಲಿ ಯಲಬುರ್ಗೆಯ ಹೆಸರು ಎರಂಬರಗೆ. ಕಲ್ಯಾಣದ ಚಾಳುಕ್ಯರ ಸಾಮಂತರಾದ ಸಿಂದರಿಗೆ ಇದು ರಾಜಧಾನಿ. ಆ ವಂಶದ ಎರಡನೆಯ ಆಚುಗಿಯು ಆರನೆಯ ವಿಕ್ರಮಾದಿತ್ಯನ ಪರವಾಗಿ ಹೊಯ್ಸಳರೊಡನೆ ಕಾದಿದವನು. ಅಂದಿನ ಸೇವೆಯಲ್ಲಿ ಏಳಿಗೆಯೆಂಬುದು ಒಡೆಯನ ಪ್ರಸಾದ. ಒಡೆಯ ಮೆಚ್ಚಿದರೆ ಬಿರುದು, ಮೆಚ್ಚದಿದ್ದರೆ ಇಲ್ಲ. ಅದರ ಮೇಲೆ ಅಪೀಲು ಇರಲಿಲ್ಲ. ಪ್ರಸಾದವು ನಿಯಮವಾದದ್ದು, ನಿಯಮವು ಹಕ್ಕಾದದ್ದು ತೀರ ಈಚಿನ ಕತೆ.

ಹೈದರಾಬಾದು ಸಂಸ್ಥಾನದಲ್ಲಿ ಯಲಬುರ್ಗೆ, ಕೊಪ್ಪಳಗಳು ಸಾಲಾರ್ ಜಂಗ್ ಮನೆತನದ ಜಹಗೀರಾಗಿದ್ದವು. ಆ ಮನೆತನದ ಮೊದಲನೆಯ ಸಾಲಾರ್ ಜಂಗ್ 1853ರಿಂದ 1883ರವರೆಗೆ ಸಂಸ್ಥಾನದ ದಿವಾನನಾಗಿದ್ದನು. 1865ರಲ್ಲಿ ಜಿಲ್ಲೆಗಳ ಏರ್ಪಾಡು ಮಾಡಿ, ಸಂಬಳದ ಅಧಿಕಾರಿಗಳನ್ನು ನೇಮಿಸಿ, ದಫ್ತರಗಳಿಗೊಂದು ಶಿಸ್ತು ತಂದವನು ಅವನೇ. ಹೊಸ ಆಡಳಿತಕ್ಕೆ ಬೇಕಾದ ಓದುಬಲ್ಲವರನ್ನು ಅವನು ಉತ್ತರ ಹಿಂದೂಸ್ಥಾನದಿಂದ ಕರೆಸಿದನು. ಮುಂದೆ ಪಾರಸಿಯ ಜಾಗಕ್ಕೆ ಉರ್ದು ಬಂತು. 1918ರಲ್ಲಿ ಪ್ರಾರಂಭವಾದ ಉಸ್ಮಾನಿಯಾ ವಿಶ್ವವಿದ್ಯಾಲಯದಲ್ಲಿಯೂ ಉರ್ದುವಿನಲ್ಲಿಯೇ ಪಾಠ ನಡೆಯಿತು. ಮನೆಯಲ್ಲಿ ಕನ್ನಡ ನುಡಿಯುವ ಹುಡುಗನು ಉರ್ದು ಕಲಿಯದೆ ಕಚೇರಿಯ ಹೊಸ್ತಿಲು ದಾಟುವಂತಿರಲಿಲ್ಲ. ಅರ್ಹತೆಯ ಮೊದಲನೆಯ ಸೇರು ಭಾಷೆಯಾಯಿತು.

ಎರಡನೆಯದು ನೆಲ. ಹೊರಗಿನವರೇ ಮೇಲಿನ ಹುದ್ದೆಗಳಲ್ಲಿ ತುಂಬಿಕೊಂಡಾಗ ‘ಮುಲ್ಕಿ’, ‘ಗೈರುಮುಲ್ಕಿ’ ಎಂಬ ಭೇದ ಬೆಳೆಯಿತು. ‘ಮುಲ್ಕ್’ ಎಂದರೆ ನಾಡು. ಮುಲ್ಕಿ ಎಂದರೆ ನಾಡವನು. 1919ರ ಮುಲ್ಕಿ ನಿಯಮಗಳ ಪ್ರಕಾರ ಹೊರಗಿನಿಂದ ಬಂದವನು ಸಂಸ್ಥಾನದಲ್ಲಿ ಹದಿನೈದು ವರ್ಷ ನೆಲಸಿದ ಮೇಲಲ್ಲದೆ ಮುಲ್ಕಿ ಎನಿಸಿಕೊಳ್ಳಲಾರನು. ಈ ಹದಿನೈದು ವರ್ಷದ ಲೆಕ್ಕವನ್ನು ಓದುಗರು ನೆನಪಿನಲ್ಲಿಟ್ಟಿರಬೇಕು; ಕೊನೆಯಲ್ಲಿ ಇದರ ಮಾತು ಮತ್ತೆ ಬರುತ್ತದೆ.

ಈಗ ಯಲಬುರ್ಗೆಯ ಕಚೇರಿಯಲ್ಲಿದ್ದ ಒಬ್ಬ ಗುಮಾಸ್ತನನ್ನು ಮನಸ್ಸಿನಲ್ಲಿ ಕಲ್ಪಿಸಿಕೊಳ್ಳಿರಿ. 1947ರಲ್ಲಿ ಅವನು ಜಹಗೀರಿನ ನೌಕರ. 1948ರ ಸೆಪ್ಟೆಂಬರಿನಲ್ಲಿ ಪೋಲೀಸು ಕಾರ್ಯಾಚರಣೆ ನಡೆದು ನಿಜಾಮರ ಆಳ್ವಿಕೆ ಮುಗಿಯಿತು. 1949ರಲ್ಲಿ ಜಹಗೀರುಗಳು ರದ್ದಾದವು. ಅವನು ಸರಕಾರದ ನೌಕರನಾದನು. 1956ರ ನವೆಂಬರ್ 1ರಂದು ರಾಯಚೂರು ಜಿಲ್ಲೆ ವಿಶಾಲ ಮೈಸೂರಿಗೆ ಸೇರಿತು. ಅವನು ಮೈಸೂರು ಸರಕಾರದ ನೌಕರನಾದನು. ಹತ್ತು ವರ್ಷವೂ ತುಂಬಲಿಲ್ಲ, ಅವನು ಕುಳಿತ ಮಣೆ ಅದೇ, ಮುಂದಿದ್ದ ಮೇಜು ಅದೇ. ಒಡೆಯರು ಮಾತ್ರ ಮೂವರು. ಉರ್ದುವಿನಲ್ಲಿ ಬರೆದ ಕಡತಗಳ ಮೇಲೆ ಇಂಗ್ಲಿಷಿನ, ಕನ್ನಡದ ಕಡತಗಳು ಬಂದು ಕುಳಿತವು. ಹಾಲಿ ಸಿಕ್ಕದ ಸಂಬಳ ಕಲ್ದಾರ್ ರೂಪಾಯಿಗೆ ಇಳಿಯಿತು. ಏಳು ಹಾಲಿಗೆ ಸುಮಾರು ಆರು ಕಲ್ದಾರ್ ಎಂಬುದು ಅಂದಿನ ಲೆಕ್ಕ. ಜೋಳ ಅದೇ, ಅಳೆಯುವ ಸೇರು ಬೇರೆ.

ಇವನೊಬ್ಬನ ಪಾಡು ಹೀಗಿದ್ದರೆ ಹೊಸ ರಾಜ್ಯದ ಪಾಡು ಇನ್ನೂ ಸಿಕ್ಕುಸಿಕ್ಕಾಗಿತ್ತು. ವಿಶಾಲ ಮೈಸೂರಿಗೆ ನೌಕರರು ಬಂದದ್ದು ಐದು ಕಡೆಯಿಂದ: ಹಳೆಯ ಮೈಸೂರು, ಮುಂಬಯಿ, ಹೈದರಾಬಾದು, ಮದರಾಸು ಮತ್ತು ಕೊಡಗು. ಐದು ಕಡೆಯ ಹುದ್ದೆಗಳ ಹೆಸರು ಬೇರೆ, ಸಂಬಳ ಬೇರೆ, ಪರೀಕ್ಷೆಗಳು ಬೇರೆ. ಒಂದೇ ಕೆಲಸಕ್ಕೆ ಒಂದು ಕಡೆ ಒಂದು ದರ್ಜೆ, ಇನ್ನೊಂದು ಕಡೆ ಎರಡು ದರ್ಜೆ. ಇವರನ್ನೆಲ್ಲ ಒಂದೇ ಸಾಲಿನಲ್ಲಿ ನಿಲ್ಲಿಸಿ, ‘ನೀನು ಮುಂದೆ, ನೀನು ಹಿಂದೆ’ ಎಂದು ಹೇಳಬೇಕಾಗಿತ್ತು. ಆ ಸಾಲಿಗೇ ಜ್ಯೇಷ್ಠತಾ ಪಟ್ಟಿಯೆಂದು ಹೆಸರು.

ಹೀಗೆ ಆಗುವುದೆಂದು ಬಲ್ಲವರು ಮುಂಚೆಯೇ ಯೋಚಿಸಿದ್ದರು. 1956ರ ಮೇ ತಿಂಗಳಲ್ಲಿ ರಾಜ್ಯಗಳ ಮುಖ್ಯ ಕಾರ್ಯದರ್ಶಿಗಳು ಸಭೆ ಸೇರಿ, ಎರಡು ಕಡೆಯ ಹುದ್ದೆಗಳು ಸಮಾನವೇ ಅಲ್ಲವೇ ಎಂಬುದನ್ನು ನಿರ್ಣಯಿಸಲು ನಾಲ್ಕು ಅಳತೆಗಳನ್ನು ಒಪ್ಪಿಕೊಂಡರು. ಕೆಲಸದ ಸ್ವರೂಪವೆಂಥದು, ಹೊಣೆ ಮತ್ತು ಅಧಿಕಾರ ಎಷ್ಟು, ಹುದ್ದೆಗೆ ಸೇರಲು ಬೇಕಾದ ಕನಿಷ್ಠ ವಿದ್ಯಾರ್ಹತೆಯೇನು, ಸಂಬಳವೆಷ್ಟು. ಇವೇ ಆ ನಾಲ್ಕು. ರಾಜ್ಯ ಪುನರ್ವಿಂಗಡಣೆಯ ಕಾಯಿದೆಯ 115ನೆಯ ಕಲಮಿನಲ್ಲಿ ನೌಕರರಿಗೆ ಎರಡು ಭರವಸೆಗಳನ್ನೂ ಕೊಟ್ಟರು. ಮೊದಲನೆಯದು, ಸೇವೆಗಳ ಜೋಡಣೆಯಲ್ಲಿ ಎಲ್ಲರನ್ನೂ ನ್ಯಾಯವಾಗಿ ಸಮನಾಗಿ ಕಾಣಬೇಕು, ಅವರ ಅಹವಾಲನ್ನು ಸರಿಯಾಗಿ ಕೇಳಬೇಕು ಎಂಬುದು. ಎರಡನೆಯದು, 1956ರ ನವೆಂಬರ್ 1ಕ್ಕೆ ಮೊದಲು ಇದ್ದ ಸೇವೆಯ ಷರತ್ತುಗಳನ್ನು ಕೇಂದ್ರ ಸರಕಾರದ ಪೂರ್ವಾನುಮತಿಯಿಲ್ಲದೆ ನೌಕರನಿಗೆ ನಷ್ಟವಾಗುವಂತೆ ಬದಲಿಸಕೂಡದು ಎಂಬುದು.

ಎರಡನೆಯ ಭರವಸೆಯನ್ನು ಓದಿದ ನೌಕರರಿಗೆ ಧೈರ್ಯ ಬಂದಿತು. ಆದರೆ 1957ರ ಮೇ 11ರಂದು ಕೇಂದ್ರ ಸರಕಾರವು ರಾಜ್ಯಗಳಿಗೆ ಒಂದು ಪತ್ರ ಬರೆಯಿತು. ಸಂಬಳ, ರಜೆ, ಪಿಂಚಣಿ ಮೊದಲಾದವುಗಳಿಗೆ ರಕ್ಷಣೆಯಿರಲಿ; ಇಲಾಖೆಯೊಳಗಿನ ಬಡ್ತಿಯ ವಿಷಯದಲ್ಲಿ ಹಳೆಯ ನಿಯಮಗಳಿಗೆ ರಕ್ಷಣೆ ಕೊಡುವುದು ಉಚಿತವಲ್ಲ ಎಂಬುದು ಅದರ ತಾತ್ಪರ್ಯ. ದಕ್ಷಿಣ ಕನ್ನಡದಲ್ಲಿ ಮದರಾಸು ಸರಕಾರದ ನೌಕರರಾಗಿದ್ದು ಮೈಸೂರಿಗೆ ಬಂದ ಎನ್. ರಾಘವೇಂದ್ರರಾವ್ ಎಂಬವರು, ಮೈಸೂರಿನ ಹೊಸ ನಿಯಮಗಳು ತಮ್ಮ ಬಡ್ತಿಗೆ ಅಡ್ಡ ಬಂದವೆಂದು ಮೊರೆಯಿಟ್ಟಾಗ, ಸುಪ್ರೀಂ ಕೋರ್ಟು 1964ರಲ್ಲಿ ಆ ಪತ್ರವನ್ನೇ ಪೂರ್ವಾನುಮತಿಯೆಂದು ಎಣಿಸಿತು. ಅಂದರೆ ಹೊಸ ಸರಕಾರವು ಬಡ್ತಿಯ ನಿಯಮಗಳನ್ನು ಹೊಸದಾಗಿ ಮಾಡಬಹುದೆಂದಾಯಿತು.

1967ರ ಜನವರಿಯಲ್ಲಿ ಇನ್ನೊಂದು ತೀರ್ಪು ಬಂದಿತು. ಜಿ. ಬಿ. ಪುರೋಹಿತ ಮತ್ತು ಅವರ ಸಂಗಡಿಗರು ನೈರ್ಮಲ್ಯ ಇನ್‌ಸ್ಪೆಕ್ಟರುಗಳು. ಅವರ ಜ್ಯೇಷ್ಠತೆಯನ್ನು ಹಿಂದೆ ಜಿಲ್ಲೆಯ ಲೆಕ್ಕದಲ್ಲಿ ಹಿಡಿಯುತ್ತಿದ್ದರು. ಆಮೇಲೆ ಇಡೀ ರಾಜ್ಯದ ಲೆಕ್ಕದಲ್ಲಿ ಹಿಡಿದರು. ಜಿಲ್ಲೆಯ ಸಾಲಿನಲ್ಲಿ ಮುಂದಿದ್ದವರು ರಾಜ್ಯದ ಸಾಲಿನಲ್ಲಿ ಬಹಳ ಹಿಂದೆ ಬಿದ್ದರು. ಇದು ನಮ್ಮ ಸೇವಾಷರತ್ತನ್ನೇ ಕೆಡಿಸಿದಂತೆ ಎಂದು ಅವರು ವಾದಿಸಿದರು. ಬಡ್ತಿಯ ಸಂಭವವು ಸೇವೆಯ ಷರತ್ತಲ್ಲವೆಂದು ನ್ಯಾಯಾಲಯ ಹೇಳಿತು.

ಅದೇ ವರ್ಷ ಆಗಸ್ಟಿನಲ್ಲಿ ತೀರ್ಮಾನವಾದ ಒಂದು ಮೊಕದ್ದಮೆ ನೇರವಾಗಿ ಹೈದರಾಬಾದು ಕಡೆಯವರದು. ಪಿ. ನರಸಿಂಗರಾವ್ ಎಂಬವರು ಹೈದರಾಬಾದು ಸಂಸ್ಥಾನದ ಇಂಜಿನಿಯರಿಂಗ್ ಇಲಾಖೆಯಲ್ಲಿ ಟ್ರೇಸರ್, ಅಂದರೆ ನಕ್ಷೆಗಳ ಪ್ರತಿ ತೆಗೆಯುವ ಕೆಲಸಗಾರರು. ಅಲ್ಲಿ ಟ್ರೇಸರುಗಳೆಲ್ಲ ಒಂದೇ ವೃಂದ. ಮೆಟ್ರಿಕ್ ಓದಿದವನು, ಓದದವನು ಎಂಬ ಭೇದವಿರಲಿಲ್ಲ. ಮೈಸೂರು ರಾಜ್ಯವು ಆ ವೃಂದವನ್ನು ಎರಡಾಗಿ ಸೀಳಿತು. ಮೆಟ್ರಿಕ್ ಆದವರಿಗೆ 50ರಿಂದ 120 ರೂಪಾಯಿಯ ಶ್ರೇಣಿ, ಆಗದವರಿಗೆ 40ರಿಂದ 80 ರೂಪಾಯಿಯ ಶ್ರೇಣಿ. ನರಸಿಂಗರಾಯರು ಎರಡನೆಯ ಗುಂಪಿಗೆ ಬಿದ್ದರು. ಕೈ ಅದೇ, ಲೇಖನಿ ಅದೇ, ಎಳೆಯುವ ಗೆರೆ ಅದೇ, ಸಂಬಳವೇಕೆ ಎರಡು? ಮೈಸೂರು ಹೈಕೋರ್ಟು ಅವರ ಮಾತನ್ನು ಒಪ್ಪಿತು. ಸುಪ್ರೀಂ ಕೋರ್ಟು ಒಪ್ಪಲಿಲ್ಲ. ವಿದ್ಯೆಯ ಆಧಾರದ ಮೇಲೆ ದರ್ಜೆಗಳನ್ನು ಮಾಡುವುದು ಸಮಾನತೆಗೆ ವಿರುದ್ಧವಲ್ಲ ಎಂದಿತು.

ಇದು ಸಂಬಳದ ವ್ಯಾಜ್ಯವೇ ಹೊರತು ನೇರವಾಗಿ ಬಡ್ತಿಯದಲ್ಲ, ನಿಜ. ಆದರೂ ಓದಿನ ಕಾಗದವನ್ನು ಅರ್ಹತೆಯ ಗೆರೆಯಾಗಿ ಎಳೆಯಬಹುದೆಂಬ ತತ್ತ್ವ ಇಲ್ಲಿ ಸ್ಥಿರವಾಯಿತು. ನಮ್ಮೊಡನೆಯೇ ಹೈದರಾಬಾದು ಸಂಸ್ಥಾನದಲ್ಲಿದ್ದು ಆಂಧ್ರಕ್ಕೆ ಹೋದ ಸೂಪರ್‌ವೈಸರುಗಳು ಪದವೀಧರರಿಗೂ ಪದವಿಯಿಲ್ಲದವರಿಗೂ ಬಡ್ತಿಯಲ್ಲಿ ಭೇದವೇಕೆಂದು ಕೇಳಿದಾಗಲೂ 1974ರಲ್ಲಿ ಅವರಿಗೆ ಜಯ ದೊರೆಯಲಿಲ್ಲ. ಶಾಲೆಗಳೇ ವಿರಳವಾಗಿದ್ದ, ಇದ್ದವೂ ಪರಭಾಷೆಯಲ್ಲಿ ನಡೆಯುತ್ತಿದ್ದ ಸೀಮೆಯವರಿಗೆ ಓದಿನ ಗೆರೆ ಎಷ್ಟು ಎತ್ತರವೆಂಬುದನ್ನು ಮೇಷ್ಟರಾದ ನಾನು ಬಿಡಿಸಿ ಹೇಳಬೇಕಾಗಿಲ್ಲ. ನ್ಯಾಯಸ್ಥಾನವು ನಿಯಮವನ್ನು ನೋಡುತ್ತದೆ; ನಿಯಮದ ಹಿಂದಿನ ಬರಗಾಲವನ್ನು ನೋಡುವುದು ಚರಿತ್ರೆಯ ಕೆಲಸ.

ಹಾಗಾದರೆ ನೌಕರನಿಗೆ ಯಾವ ಹಕ್ಕೂ ಇಲ್ಲವೆ? ಉಂಟು. ಅದನ್ನು ತಿಳಿಯಲು 1968ರ ಒಂದು ತೀರ್ಪನ್ನು ನೋಡಬೇಕು. ಮೈಸೂರು ಸರಕಾರದ ಅಂಕಿಅಂಶಗಳ ಇಲಾಖೆಯಲ್ಲಿ ಸೈಯದ್ ಮಹಮೂದ್ ಮತ್ತು ಭಾವೂರಾವ್ ಎಂಬಿಬ್ಬರು ಕಿರಿಯ ಸಹಾಯಕರಾಗಿದ್ದರು. 1959ರಲ್ಲಿ ಹಿರಿಯ ಸಹಾಯಕರ ಹುದ್ದೆಗಳಿಗೆ ಅವರಿಗಿಂತ ಕಿರಿಯರನ್ನು ಏರಿಸಿ ಇವರನ್ನು ಬಿಟ್ಟರು. 1957ರ ನೇಮಕಾತಿ ನಿಯಮಗಳ ಪ್ರಕಾರ ಆ ಬಡ್ತಿಯ ಸೂತ್ರ ‘ಜ್ಯೇಷ್ಠತೆಯೊಡಗೂಡಿದ ಯೋಗ್ಯತೆ’. ಮೊದಲು ಹಿರಿಯನನ್ನು ನೋಡಬೇಕು. ಅವನು ಮೇಲಿನ ಕೆಲಸಕ್ಕೆ ತಕ್ಕವನಾದರೆ ಅವನಿಗೇ ಕೊಡಬೇಕು. ತಕ್ಕವನಲ್ಲದಿದ್ದರೆ ಮಾತ್ರ ಅವನನ್ನು ದಾಟಿ ಮುಂದಿನವನಿಗೆ ಹೋಗಬೇಕು.

ಹೈಕೋರ್ಟು ಇವರಿಬ್ಬರಿಗೂ ಹಿಂದಿನ ತಾರೀಖಿನಿಂದಲೇ ಬಡ್ತಿ ಕೊಡಬೇಕೆಂದು ಸರಕಾರಕ್ಕೆ ಆಜ್ಞೆ ಮಾಡಿತು. ಸುಪ್ರೀಂ ಕೋರ್ಟು ಆ ಆಜ್ಞೆಯನ್ನು ತಿದ್ದಿತು. ಹಿರಿಯನೆಂಬ ಒಂದೇ ಕಾರಣದಿಂದ ಬಡ್ತಿಯನ್ನು ಹಕ್ಕಾಗಿ ಕೇಳುವಂತಿಲ್ಲ. ಯೋಗ್ಯತೆಯನ್ನು ತೂಗುವುದು ಸರಕಾರದ ಕೆಲಸ, ನ್ಯಾಯಾಲಯದ್ದಲ್ಲ. ಆದರೆ ಇವರನ್ನು ಪರಿಶೀಲಿಸಲೇಬೇಕಾದದ್ದು ಸರಕಾರದ ಕರ್ತವ್ಯವಾಗಿತ್ತು. ಆ ಕರ್ತವ್ಯವನ್ನು ಅದು ಸರಿಯಾಗಿ ಮಾಡಲಿಲ್ಲ. ಆದುದರಿಂದ 1959ರಲ್ಲಿ ಇವರು ಬಡ್ತಿಗೆ ತಕ್ಕವರಾಗಿದ್ದರೇ ಎಂಬುದನ್ನು ಈಗ ಪರಿಶೀಲಿಸತಕ್ಕದ್ದು, ಎಂದು ತೀರ್ಪಾಯಿತು.

ಇದನ್ನು ನಮ್ಮ ಶಾಲೆಯ ಮಾತಿನಲ್ಲಿ ಹೇಳುತ್ತೇನೆ. ಪರೀಕ್ಷೆಗೆ ಕುಳಿತ ಹುಡುಗನು ‘ನನಗೆ ಮೊದಲನೆಯ ದರ್ಜೆ ಕೊಡಿ’ ಎಂದು ಹಕ್ಕಿನಿಂದ ಕೇಳಲಾರನು. ಆದರೆ ‘ನನ್ನ ಉತ್ತರಪತ್ರಿಕೆಯನ್ನು ಓದಿ ಅಂಕ ಹಾಕಿ, ಉಳಿದವರಿಗೆ ಹಾಕಿದ ಹಾಗೆಯೇ ಹಾಕಿ’ ಎಂದು ಹಕ್ಕಿನಿಂದಲೇ ಕೇಳಬಲ್ಲನು. ಓದದೆ ಕಟ್ಟಿಟ್ಟರೆ ಅದು ಅನ್ಯಾಯ. ಬಡ್ತಿಯ ಹಕ್ಕೆಂದರೆ ಇಷ್ಟೇ: ಪರಿಶೀಲನೆಗೆ ಒಳಗಾಗುವ ಹಕ್ಕು. ಕೇಳುವುದಕ್ಕೆ ಇದು ಚಿಕ್ಕದು. ಆದರೆ ಎರಂಬರಗೆಯ ಕಾಲದ ಪ್ರಸಾದಕ್ಕೂ ಇದಕ್ಕೂ ಇರುವ ದೂರವನ್ನು ಎಣಿಸಿದರೆ ಇದು ಚಿಕ್ಕದಲ್ಲ. ಇಂದಿಗೂ ಬಡ್ತಿಯ ವ್ಯಾಜ್ಯಗಳೆಲ್ಲ ಈ ಒಂದು ಗೂಟದ ಸುತ್ತಲೇ ತಿರುಗುತ್ತವೆ.

ತತ್ತ್ವ ಸ್ಪಷ್ಟವಾಯಿತು, ಕಾಲ ಮಾತ್ರ ಕಾಯಲಿಲ್ಲ. 1959ರ ಅನ್ಯಾಯಕ್ಕೆ 1968ರಲ್ಲಿ ಉತ್ತರ ದೊರೆತದ್ದನ್ನು ನೋಡಿದಿರಿ. ಐದು ಕಡೆಯವರನ್ನು ಜೋಡಿಸುವ ಪಟ್ಟಿಗಳು ವರುಷಗಟ್ಟಲೆ ತಿದ್ದುಪಡಿಯಾಗುತ್ತ ನಡೆದವು. ಪಟ್ಟಿ ಬದಲಾದಾಗಲೆಲ್ಲ ಕೊಟ್ಟ ಬಡ್ತಿಗಳು ಅಲುಗಾಡಿದವು. ಕೆಳಗಿನವನು ಮೇಲಾಗುವ ಹೊತ್ತಿಗೆ ಅವನ ನಿವೃತ್ತಿಯೇ ಬಂದಿರುತ್ತಿತ್ತು. ಈ ತೊಡಕನ್ನು ಬಿಡಿಸಲು ಬಡ್ತಿ, ವೇತನ, ಪಿಂಚಣಿಗಳನ್ನು ಕ್ರಮಪಡಿಸುವ ಪ್ರತ್ಯೇಕ ಕಾಯಿದೆಯನ್ನೇ 1973ರಲ್ಲಿ ಮಾಡಬೇಕಾಯಿತು. ರಾಜ್ಯಕ್ಕೆ ಕರ್ನಾಟಕವೆಂಬ ಹೆಸರು ಬಂದ ವರ್ಷವೂ ಅದೇ. ಮುಂದೆ ನೌಕರರ ವ್ಯಾಜ್ಯಗಳಿಗೆಂದೇ 1986ರ ಅಕ್ಟೋಬರಿನಲ್ಲಿ ಕರ್ನಾಟಕ ಆಡಳಿತ ನ್ಯಾಯಮಂಡಳಿ ಏರ್ಪಟ್ಟಿತು. 2008ರಲ್ಲಿ ಧಾರವಾಡದಲ್ಲಿಯೂ ಗುಲಬರ್ಗೆಯಲ್ಲಿಯೂ ಹೈಕೋರ್ಟಿನ ಪೀಠಗಳು ಬಂದವು. ಅಷ್ಟರಲ್ಲಿ ನಮ್ಮ ಸೀಮೆಯು ರಾಯಚೂರಿನಿಂದ ಬೇರೆಯಾಗಿ, 1997ರಿಂದ ಕೊಪ್ಪಳ ಜಿಲ್ಲೆಯಾಗಿತ್ತು. ಈ ಜಿಲ್ಲೆಗೆ ಧಾರವಾಡದ ಪೀಠವೇ ಪೀಠ. ಬೆಂಗಳೂರಿನ ರೈಲು ಹತ್ತುವ ಖರ್ಚು ಸ್ವಲ್ಪ ಕಡಮೆಯಾಯಿತು.

ಇನ್ನೊಂದು ಅಳತೆಯ ಮಾತನ್ನು ಹೇಳದಿದ್ದರೆ ಈ ಚರಿತ್ರೆ ಅಪೂರ್ಣ. ತಲೆತಲಾಂತರದಿಂದ ಸಾಲಿನ ಹೊರಗೇ ನಿಲ್ಲಿಸಲ್ಪಟ್ಟವರಿಗೆ ಸಾಲಿನ ನಿಯಮವೊಂದೇ ಸಾಕೆ? ಸಂವಿಧಾನದ 16ನೆಯ ಅನುಚ್ಛೇದದ ಮೀಸಲಾತಿ ಬಡ್ತಿಗೂ ಸಲ್ಲುವುದೆಂದು 1961ರಲ್ಲಿ ರಂಗಾಚಾರಿ ಮೊಕದ್ದಮೆಯಲ್ಲಿ ತೀರ್ಪಾಗಿತ್ತು. 1992ರಲ್ಲಿ ಅದು ಸಲ್ಲದೆಂದಾಯಿತು. 1995ರಲ್ಲಿ ಸಂವಿಧಾನವನ್ನೇ ತಿದ್ದಿ, ಪರಿಶಿಷ್ಟ ಜಾತಿ, ಪರಿಶಿಷ್ಟ ಪಂಗಡಗಳವರಿಗೆ ಬಡ್ತಿಯ ಮೀಸಲಾತಿಯನ್ನು ಮತ್ತೆ ಸ್ಥಾಪಿಸಿದರು. ಮೀಸಲಾತಿಯಿಂದ ಮೊದಲು ಮೇಲೇರಿದವನು ಮೇಲಿನ ಮೆಟ್ಟಿಲಿನಲ್ಲಿಯೂ ಹಿರಿಯನೇ, ಅಥವಾ ಆಮೇಲೆ ಬಂದ ಹಳೆಯ ಹಿರಿಯನು ಮತ್ತೆ ಮುಂದಾಗುವನೇ ಎಂಬ ಪ್ರಶ್ನೆ ಉಳಿಯಿತು. ಕರ್ನಾಟಕದ ಬಡಪ್ಪನವರ ಮೊಕದ್ದಮೆಯಲ್ಲಿ 2000ದ ಡಿಸೆಂಬರಿನಲ್ಲಿ ಬಂದ ತೀರ್ಪು ಹಳೆಯ ಹಿರಿಯನ ಪಕ್ಷವಾಗಿತ್ತು. 2001ರ ಸಂವಿಧಾನ ತಿದ್ದುಪಡಿ ಮೊದಲು ಏರಿದವನ ಪಕ್ಷವಹಿಸಿತು. ಅದನ್ನನುಸರಿಸಿ ಕರ್ನಾಟಕವು 2002ರಲ್ಲಿ ಮಾಡಿದ ಕಾಯಿದೆಯ ಮುಖ್ಯ ಭಾಗಗಳನ್ನು ಬಿ. ಕೆ. ಪವಿತ್ರ ಮೊಕದ್ದಮೆಯಲ್ಲಿ 2017ರ ಫೆಬ್ರವರಿಯಲ್ಲಿ ಸುಪ್ರೀಂ ಕೋರ್ಟು ತಳ್ಳಿಹಾಕಿತು. ಅಗತ್ಯವಾದ ಅಂಕಿಅಂಶಗಳ ಆಧಾರವಿಲ್ಲವೆಂಬುದು ಕಾರಣ. ರಾಜ್ಯವು ರತ್ನಪ್ರಭಾ ಸಮಿತಿಯಿಂದ ಅಧ್ಯಯನ ಮಾಡಿಸಿ 2018ರಲ್ಲಿ ಹೊಸ ಕಾಯಿದೆ ತಂದಿತು. 2019ರ ಮೇ 10ರಂದು ಅದೇ ನ್ಯಾಯಾಲಯ ಅದನ್ನು ಎತ್ತಿಹಿಡಿಯಿತು. ಎರಡು ಪಕ್ಷದಲ್ಲಿಯೂ ಬೆವರು ಸುರಿಸಿ ದುಡಿದವರಿದ್ದರು, ಎರಡು ಪಕ್ಷದವರಿಗೂ ತಮ್ಮ ಪಾಲಿನ ನೋವಿತ್ತು ಎಂಬುದನ್ನು ನಾವು ಮರೆಯಬಾರದು. ಆದರೆ ‘ಹಿಂದುಳಿದಿದ್ದಾರೆ’ ಎಂಬ ಮಾತಿಗೆ ಲೆಕ್ಕದ ಆಧಾರವನ್ನು ತೋರಿಸಿ ನಡೆಯುವ ಸರಕಾರದ ಕೆಲಸ ನಿಲ್ಲುತ್ತದೆಂಬ ಪಾಠ ಇಲ್ಲಿದೆ.

ಈಗ ನೆನಪಿನಲ್ಲಿಡಿರೆಂದು ಹೇಳಿದ ಹದಿನೈದು ವರ್ಷದ ಮಾತು. ಹಿಂದುಳಿದ ನಮ್ಮ ಸೀಮೆಗಾಗಿ ಸಂವಿಧಾನದ 98ನೆಯ ತಿದ್ದುಪಡಿಯಿಂದ 371-ಜೆ ಎಂಬ ಅನುಚ್ಛೇದ ಸೇರಿತು. 2013ರಲ್ಲಿ ಹೊರಟ ಆದೇಶದಂತೆ ಈ ಸೀಮೆಯಲ್ಲಿ ಸ್ಥಾನಿಕ ವೃಂದಗಳಾದವು. ಮೇಲಿನ ‘ಎ’, ‘ಬಿ’ ಗುಂಪುಗಳಲ್ಲಿ ಶೇಕಡಾ 75, ‘ಸಿ’ ಗುಂಪಿನಲ್ಲಿ 80, ‘ಡಿ’ ಗುಂಪಿನಲ್ಲಿ 85 ಹುದ್ದೆಗಳು ಸ್ಥಳೀಯರಿಗೆ ಮೀಸಲಾದವು. ಸ್ಥಳೀಯರೆಂದರೆ ಇಲ್ಲಿ ಹುಟ್ಟಿದವರು, ಹತ್ತು ವರ್ಷಕ್ಕೆ ಕಡಮೆಯಿಲ್ಲದೆ ನೆಲಸಿದವರು ಮೊದಲಾದವರು. ಅದಕ್ಕೆ ಉಪವಿಭಾಗಾಧಿಕಾರಿ ಕೊಡುವ ಕಾಗದದ ಹೆಸರೇ ‘ಅರ್ಹತಾ ಪ್ರಮಾಣಪತ್ರ’. 2019ರಿಂದ ಸೀಮೆಗೆ ಕಲ್ಯಾಣ ಕರ್ನಾಟಕವೆಂದು ಹೆಸರಾಗಿದೆ. 1919ರಲ್ಲಿ ಹದಿನೈದು ವರ್ಷ, 2013ರಲ್ಲಿ ಹತ್ತು ವರ್ಷ: ನೂರು ವರ್ಷದ ಹಿಂದೆ ‘ನಾಡವನು ಯಾರು?’ ಎಂದು ಕೇಳಿದ ಪ್ರಶ್ನೆಯನ್ನೇ ನಾವು ಇನ್ನೊಂದು ಭಾಷೆಯಲ್ಲಿ ಕೇಳುತ್ತಿದ್ದೇವೆ. ಭೇದವೇನೆಂದರೆ, ಅಂದು ಅದು ಅರಸನ ಫರ್ಮಾನು, ಇಂದು ಅದು ಸಂವಿಧಾನದ ಮಾತು. ಫರ್ಮಾನಿನ ಮುಂದೆ ಕೈಕಟ್ಟಿ ನಿಲ್ಲಬೇಕು. ಸಂವಿಧಾನದ ಮುಂದೆ ಅರ್ಜಿ ಹಿಡಿದು ನಿಲ್ಲಬಹುದು.

ಕಚೇರಿಗೆ ಹಂಗಾಮಿ ಜ್ಯೇಷ್ಠತಾ ಪಟ್ಟಿ ಬಂದ ದಿನ ನೀವೂ ನೋಡಿರಬಹುದು. ಎಲ್ಲರೂ ಒಮ್ಮೆ ಬಗ್ಗಿ ತಮ್ಮ ಹೆಸರನ್ನು ಹುಡುಕುತ್ತಾರೆ. ಸಿಕ್ಕಿದರೆ ಸಾಕೆಂದು ಕೆಲವರು ಹೋಗಿಬಿಡುತ್ತಾರೆ. ಹುಟ್ಟಿದ ತಾರೀಖು, ಸೇವೆಗೆ ಸೇರಿದ ತಾರೀಖು, ಪಾಸಾದ ಪರೀಕ್ಷೆಯ ಹೆಸರು, ಇವನ್ನು ತಾಳೆ ನೋಡುವವರು ಕಡಮೆ. ಆಕ್ಷೇಪಣೆಗೆ ಕೊಟ್ಟ ದಿನಗಳು ಕಳೆದುಹೋಗುತ್ತವೆ. ಹತ್ತು ವರ್ಷದ ಮೇಲೆ ಅದೇ ಒಂದು ಸಾಲು ಮೊಕದ್ದಮೆಯಾಗುತ್ತದೆ. ನಾನು ಹೇಳಿದ ಹೆಸರುಗಳ ಹಿಂದೆ ಸೋತವರೂ ಇದ್ದಾರೆ, ಗೆದ್ದವರೂ ಇದ್ದಾರೆ. ಪರಿಶೀಲನೆಯ ಹಕ್ಕೆಂಬುದು ಅವರೆಲ್ಲ ಸೇರಿ ನಮಗೆ ಬಿಟ್ಟುಹೋದ ಆಸ್ತಿ. ಸರಕಾರದ ಪಾಲಿನ ಕರ್ತವ್ಯ, ಅಳೆಯುವ ಸೇರನ್ನು ಅಳೆಯುವ ಮೊದಲೇ ಎಲ್ಲರ ಕಣ್ಣಿಗೂ ಕಾಣುವಂತೆ ಇಡುವುದು. ನಮ್ಮ ಪಾಲಿನದು, ಅಳೆಯುವಾಗ ಕಣ್ಣುಬಿಟ್ಟು ನೋಡುವುದು.